ಕನ್ನಡಕ್ಕೆ ಲೆಕ್ಕವೂ ಬರುತ್ತದೆ

ಈ ಸಾಹಿತ್ಯ ಸಮ್ಮೇಳನದ ಹಿಂದಿನ ಅಧ್ಯಕ್ಷರೆಲ್ಲ ದೊಡ್ಡವರು. ಅವರ ಭಾಷಣಗಳು ಅಚ್ಚಾಗಿವೆ, ಓದಿಕೊಳ್ಳಿ. ನಾನು ಗಣಿತದ ಮಾಸ್ತರ. ಲೆಕ್ಕದ ಮಾತೇ ಆಡುತ್ತೇನೆ.

ಇರಾಕಿನ ನಿಪ್ಪೂರಿನಲ್ಲಿ ಮೂರೂವರೆ ಸಾವಿರ ವರ್ಷಕ್ಕೂ ಹಿಂದೆ ಶಾಲೆಯ ಹುಡುಗರು ಹಸಿಮಣ್ಣಿನ ಹಲಗೆಯ ಮೇಲೆ ಮಗ್ಗಿ ಬರೆದರು. ಅವರ ಎಣಿಕೆ 60ರದು. 2, 3, 4, 5, 6 ಎಲ್ಲವೂ 60ನ್ನು ಶೇಷವಿಲ್ಲದೆ ಭಾಗಿಸುತ್ತವೆ, ಪಾಲು ಮಾಡಲು ಸಲೀಸು. ನಮ್ಮ ಪಂಚಾಂಗದಲ್ಲೂ ದಿನಕ್ಕೆ 60 ಘಳಿಗೆ. ಯಾರಿಂದ ಯಾರಿಗೆ ಬಂತೆಂಬ ವಾದ ಪಂಡಿತರಿಗಿರಲಿ. ಅಂಗೈಯಗಲದ ಒಂದು ಬ್ಯಾಬಿಲೋನಿ ಹಲಗೆಯಲ್ಲಿ 2ರ ವರ್ಗಮೂಲ ಐದು ದಶಮಾಂಶ ಸ್ಥಾನದವರೆಗೆ ಸರಿಯಾಗಿದೆ. ಅಲ್ಲಿಯ ಹುಡುಗರ ತಪ್ಪು ಲೆಕ್ಕ ಕೂಡ ಉಳಿದಿದೆ. ನಮ್ಮ ಮಾಸ್ತರರ ಸರಿ ಲೆಕ್ಕವೂ ಪಾಟಿಯ ಮೇಲೆ ಅಳಿಸಿಹೋಯಿತು, ತಾಳೆಗರಿಯದನ್ನು ಹುಳ ತಿಂದಿತು.

ಅಳಿಯದೆ ಉಳಿದದ್ದನ್ನಾದರೂ ಓದುತ್ತೇವೆಯೇ? ನನ್ನ ಜಗಳ ಇರುವುದು ಇಲ್ಲೇ. ಈ ಮುರುಮದಿಂದ ಹೊರಟರೆ ಆಳಂದ ದಾಟಿ ಕಲಬುರಗಿ, ಅಲ್ಲಿಂದ ಮುಂದೆ ಸೇಡಂ ದಾರಿಯಲ್ಲಿ ಮಳಖೇಡ. 850ರ ಸುಮಾರಿಗೆ ಅಲ್ಲಿ ನೃಪತುಂಗನ ರಾಜ್ಯಭಾರ. ಅವನ ಕಾಲದ ಕವಿರಾಜಮಾರ್ಗದ ಹೆಸರೆತ್ತದೆ, ಅದರಲ್ಲಿ ಬರುವ ಗೋದಾವರಿಯನ್ನು ನೆನೆಯದೆ ಈ ವೇದಿಕೆಯಿಂದ ಯಾರೂ ಇಳಿದಿಲ್ಲ. ಅದೇ ಅರಸನನ್ನು ಹೊಗಳಿ ಮಹಾವೀರಾಚಾರ್ಯ ಗಣಿತಸಾರಸಂಗ್ರಹ ಬರೆದ. ಅವನ ಹೆಸರು ಇಲ್ಲಿ ಒಮ್ಮೆಯೂ ಕೇಳಿಲ್ಲ. ಋಣಸಂಖ್ಯೆಗೆ ವರ್ಗಮೂಲವಿಲ್ಲವೆಂದು ಗುರುತಿಸಿದವನು ಅವನು. ಸೊನ್ನೆಯಿಂದ ಭಾಗಿಸಿದರೆ ಸಂಖ್ಯೆ ಬದಲಾಗದೆಂದು ಎಡವಿದ, ಅದನ್ನೂ ಹುಡುಗರಿಗೆ ಹೇಳಬೇಕು. ಅವನದೊಂದು ಲೆಕ್ಕ: ಸರಸದಲ್ಲಿ ಮುತ್ತಿನ ಹಾರ ಹರಿಯಿತು. ಮೂರರಲ್ಲೊಂದು ಪಾಲು ದಾಸಿಯ ಕೈಗೆ, ಆರರಲ್ಲೊಂದು ಹಾಸಿಗೆಗೆ. ಉಳಿದದ್ದರ ಅರ್ಧ, ಮತ್ತೆ ಅದರ ಅರ್ಧ, ಹೀಗೆ ಆರು ಸಲ ಚೆದುರಿತು. ದಾರದಲ್ಲಿ ಉಳಿದವು 1,161. ಒಟ್ಟು ಎಷ್ಟು? 1,48,608. ಇಷ್ಟು ಮುತ್ತು ಹೊತ್ತ ಕೊರಳು ಯಾವುದೋ, ಭಿನ್ನರಾಶಿಯಂತೂ ಮರೆಯುವುದಿಲ್ಲ.

ಅದು ಸಂಸ್ಕೃತವಲ್ಲವೇ ಎನ್ನುತ್ತೀರಿ. 12ನೆಯ ಶತಮಾನದ ರಾಜಾದಿತ್ಯ ವ್ಯವಹಾರಗಣಿತವನ್ನು ಕನ್ನಡದಲ್ಲೇ ಬರೆದ. ಪದ್ಯದಲ್ಲಿ ಸೂತ್ರ, ಜೊತೆಗೆ ಉದಾಹರಣೆ. ಪುಸ್ತಕ ಸಿಗದೆಂಬ ನೆಪವೂ ಬೇಡ: ಗಣಿತಸಾರಸಂಗ್ರಹವನ್ನು 1912ರಲ್ಲಿ ಮದರಾಸಿನಲ್ಲಿ ರಂಗಾಚಾರ್ಯರು ಇಂಗ್ಲಿಷ್ ಅನುವಾದದೊಂದಿಗೆ ಅಚ್ಚು ಹಾಕಿಸಿದರು, 2000ದಲ್ಲಿ ಹೊಂಬುಜದಿಂದ ಪದ್ಮಾವತಮ್ಮನವರ ಕನ್ನಡ ಅನುವಾದ ಬಂತು. ಮಹಾವೀರ, ರಾಜಾದಿತ್ಯರ ಲೆಕ್ಕಗಳನ್ನು ಗಡಿಯ ಕನ್ನಡ ಶಾಲೆಗೆ ಕೊಡಿ ಎಂದು ವರ್ಷಗಟ್ಟಲೆ ಅರ್ಜಿ ಹಾಕಿದೆ. ಒಂದು ಕಚೇರಿಯವರು ಇನ್ನೊಂದು ರಾಜ್ಯದ ಕಡೆ ಕೈ ತೋರಿಸಿದರು, ಆ ರಾಜ್ಯದವರು ತಿರುಗಿ ಈ ಕಡೆ. ಹೆಚ್ಚು ನೋವಾದದ್ದು ನಮ್ಮವರದೇ ಮಾತಿಗೆ: ‘ಸಾಹಿತ್ಯ ಸಮ್ಮೇಳನದಾಗ ಲೆಕ್ಕ ಯಾಕ್ರೀ ಸರ್?’ ಕನ್ನಡವೆಂದರೆ ಹಾಡು, ಲೆಕ್ಕವೆಂದರೆ ಮರಾಠಿ ಇಲ್ಲವೇ ಇಂಗ್ಲಿಷ್ ಎಂದು ನಮ್ಮ ಮಕ್ಕಳು ನಂಬಿದ್ದಾರೆ. ನಂಬಿಸಿದವರು ನಾವು. ಭಾಸ್ಕರಾಚಾರ್ಯ ವಿಜಯಪುರದವನೋ ಚಾಳೀಸಗಾಂವ ಕಡೆಯವನೋ ಎಂದು ಮರಾಠಿ ಗೆಳೆಯರ ಜೊತೆ ಗಂಟಲು ಹರಿದುಕೊಳ್ಳುತ್ತೇವೆ. ಅವನ ಲೀಲಾವತಿಯ ಒಂದು ಲೆಕ್ಕ ಬಿಡಿಸಿ ಅಂದರೆ ಎದ್ದು ಚಹಾಕ್ಕೆ ಹೋಗುತ್ತೇವೆ.

ನಾನು ಕೇಳುವುದು ಇಷ್ಟು. ಮಹಾವೀರ, ರಾಜಾದಿತ್ಯರ 24 ಲೆಕ್ಕಗಳ ಕಿರುಪುಸ್ತಕ, ಪ್ರತಿ ಶನಿವಾರ ಒಂದು ಲೆಕ್ಕ. ಊರ ಶಾಸನಗಳ ಶಕವರ್ಷ, ತಿಥಿ, ಗ್ರಹಣಗಳನ್ನು ಒಂಬತ್ತನೆಯ ತರಗತಿಯವರು ತಾಳೆ ನೋಡಲಿ. ಮಳಖೇಡದಲ್ಲಿ ಗಣಿತದ ವಸ್ತುಸಂಗ್ರಹಾಲಯ, ಅದರ ಮಗ್ಗುಲಿಗೆ ತಾರಾಲಯವೂ ಆಗಲಿ. ಗಡಿಯ ಎರಡೂ ಕಡೆಯ ಸರಕಾರಗಳು ಅರ್ಧರ್ಧ ಖರ್ಚು ಹಾಕಲಿ. ಹಾಕಲಾರರು, ಗೊತ್ತು. ಕಿರುಪುಸ್ತಕಕ್ಕೆ ಯಾವ ಸರಕಾರವೂ ಬೇಡ, ಮುದ್ರಣದ ಖರ್ಚಿನ ಅರ್ಧ ನನ್ನದು. ಠರಾವು ಬರೆದು ತಂದಿದ್ದೇನೆ. ಸೂಚಕರೊಬ್ಬರು, ಅನುಮೋದಕರೊಬ್ಬರು ಈಗಲೇ ಮುಂದೆ ಬನ್ನಿ.