ಹಳೆಯ ರೀಲಿನೊಳಗಿನ ಬೀದಿ



1899ರಲ್ಲಿ ಗಂಗಾನದಿಯ ದೋಣಿಯೊಂದರಿಂದ ತೆಗೆದ ಪುಟ್ಟ ಮೂಕಿ ಚಿತ್ರವೊಂದಿದೆ. ಭಾರತದಲ್ಲಿ ಚಿತ್ರೀಕರಿಸಿ ಇಂದಿಗೂ ಉಳಿದಿರುವ ಅತಿ ಹಳೆಯ ಚಿತ್ರಗಳಲ್ಲಿ ಅದೂ ಒಂದು. ಕಥೆಯಿಲ್ಲ, ನಟರಿಲ್ಲ, ಮೆಟ್ಟಿಲುಗಳು, ದೋಣಿಗಳು, ದಡದ ಜನ, ಅಷ್ಟೆ. ಅದನ್ನು ಮಾರಿದ ಇಂಗ್ಲೆಂಡಿನ ಕಂಪನಿ ಇಟ್ಟ ಹೆಸರು ಕಲಕತ್ತೆಯದು. ಆದರೆ ಕಾಣುವುದು ಕಾಶಿಯ ಘಾಟುಗಳು!

ಇಂಥ ಚಿತ್ರಗಳಲ್ಲಿ ಜನ ಗಡಿಬಿಡಿಯಿಂದ ಓಡಾಡುವುದನ್ನು ಕಂಡು ನೀವು ನಕ್ಕಿರಬಹುದು. ಆಗಿನ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು. ಸೆಕೆಂಡಿಗೆ ಸುಮಾರು 16 ಚೌಕಟ್ಟುಗಳು. ಮಾತಿನ ಚಿತ್ರ ಬಂದ ಮೇಲೆ ಅದು 24 ಆಯಿತು. ಹದಿನಾರರಲ್ಲಿ ತೆಗೆದದ್ದನ್ನು ಇಪ್ಪತ್ನಾಲ್ಕರಲ್ಲಿ ಓಡಿಸಿದರೆ ನಡಿಗೆಯ ವೇಗ ಒಂದೂವರೆ ಪಟ್ಟು. ನಿಧಾನವಾಗಿ ಹೋಗುತ್ತಿದ್ದ ಮುದುಕನನ್ನು ಓಡಿಸಿದ್ದು ನಮ್ಮ ಯಂತ್ರ.

ಆ ಫಿಲ್ಮು ಸೆಲ್ಯುಲೋಸ್ ನೈಟ್ರೇಟಿನದು. ಉರಿಯಲು ಬೇಕಾದ ಆಮ್ಲಜನಕ ಅದರ ಅಣುವಿನಲ್ಲೇ ಇರುವುದರಿಂದ, ಹೊತ್ತಿಕೊಂಡರೆ ನೀರಿನಲ್ಲಿ ಮುಳುಗಿಸಿದರೂ ಆರದು. ಬೆಂಕಿ ತಗಲದಿದ್ದರೂ ಕಾಲಕ್ರಮದಲ್ಲಿ ಅಂಟಾಗಿ, ಕೊನೆಗೆ ಪುಡಿಯಾಗುತ್ತದೆ. ನಮ್ಮ ದೇಶದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳಲ್ಲಿ ಬಹುಪಾಲು ಹೀಗೆಯೇ ಹೋದವು. 2003ರಲ್ಲಿ ಪುಣೆಯಲ್ಲಿ ಬಿದ್ದ ಬೆಂಕಿ ಇನ್ನಷ್ಟನ್ನು ನುಂಗಿತು.

ಬೆಂಕಿಯನ್ನೇ ಏಕೆ ದೂರಲಿ? ಕೆಲಸಕ್ಕೆ ಸೇರಿದ ಹೊಸದರಲ್ಲಿ ಬಿದರಿ ಕಲೆಯ ಕಾರ್ಯಕ್ರಮಕ್ಕೆಂದು ಬೀದರಿಗೆ ಬಂದಿದ್ದೆ. ಬೆಳಕು ಚೆನ್ನಾಗಿತ್ತು, ಚೌಬಾರದ ಆಸುಪಾಸನ್ನೂ ಅರ್ಧ ಗಂಟೆ ಚಿತ್ರೀಕರಿಸಿದೆವು. ನಲ್ಲಿಯ ಮುಂದೆ ಕೊಡಗಳ ಸಾಲು, ಸೈಕಲ್ಲಿನ ಮೇಲೆ ಹಾಲಿನ ಕ್ಯಾನು, ಔರಾದ್ ಬಸ್ಸು ತಪ್ಪೀತೆಂದು ಓಡುವ ಹುಡುಗರು. ಸಂಕಲನದಲ್ಲಿ ಅದೆಲ್ಲ ‘ಬೇಡದ್ದು’ ಎನಿಸಿತು. ಮುಂದಿನ ವಾರ ಅದೇ ಟೇಪಿನ ಮೇಲೆ ನಾನೇ ಬೇರೊಂದು ಕಾರ್ಯಕ್ರಮ ಮುದ್ರಿಸಿದೆ. ಅಂದು ತೋರಿಸಿದಂಥ ಬಿದರಿ ಹೂಜಿ ಇಂದೂ ಅಂಗಡಿಯಲ್ಲಿ ಸಿಗುತ್ತದೆ. ಆ ಕೊಡಗಳ ಸಾಲು ಸಿಗುವುದಿಲ್ಲ.

1906ರ ಸ್ಯಾನ್ ಫ್ರಾನ್ಸಿಸ್ಕೋದ ಬೀದಿಚಿತ್ರವೊಂದನ್ನು ಬಹುಕಾಲ 1905ರದೆಂದು ನಂಬಿದ್ದರು. ರಸ್ತೆಯ ಮೇಲೆ ನಿಂತ ಮಳೆನೀರನ್ನೂ ಕಾರುಗಳ ನಂಬರ್ ಪ್ಲೇಟನ್ನೂ ಹಿಡಿದು ಹೊರಟ ಇತಿಹಾಸಕಾರ ಡೇವಿಡ್ ಕೀನ್, ಅದು ಏಪ್ರಿಲ್ 18ರ ಮಹಾ ಭೂಕಂಪಕ್ಕೆ ಕೆಲವೇ ದಿನ ಮುಂಚಿನದೆಂದು ಕಂಡುಕೊಂಡರು.

ಭಾಲ್ಕಿ, ಔರಾದ್ ಕಡೆಯ ಎಷ್ಟೋ ಮನೆಗಳ ಟ್ರಂಕಿನಲ್ಲಿ ಮದುವೆಯ ವಿಡಿಯೋ ಕ್ಯಾಸೆಟ್ಟುಗಳಿವೆ. ಮೆರವಣಿಗೆ ಬಂದಾಗ ಮದುಮಗನನ್ನು ಬಿಟ್ಟು ಅವನ ಬೆನ್ನ ಹಿಂದೆ ನೋಡಿ: ಅಂಗಡಿಯ ಬೋರ್ಡು, ಬಾಗಿಲಲ್ಲಿ ನಿಂತ ಅಜ್ಜಿ, ಈಗಿಲ್ಲದ ಬೇವಿನ ಮರ. ಫಂಗಸ್ ಹಿಡಿಯುವ ಮುನ್ನ ಪ್ರತಿ ಮಾಡಿಸಿ, ಊರು, ಓಣಿ, ತಾರೀಖು ಬರೆದಿಡಿ. ಇಲ್ಲವಾದರೆ ಔರಾದಿನ ಓಣಿಯನ್ನು ಮುಂದೆ ಯಾರಾದರೂ ಭಾಲ್ಕಿಯದೆಂದು ಬರೆದಾರು!