ಕಾಲವನ್ನು ಕಾಯುವವರು



ಇಂದು ನಾವು ತಮಗೊಂದು ಕಥೆ ಹೇಳಬೇಕೆಂದಿದ್ದೇವೆ. ಪುರಾಣದ ಕಥೆಯಲ್ಲ. ನಮ್ಮ ಪ್ರಸಾದನಿಲಯದಲ್ಲಿದ್ದು ಕಾಲೇಜು ಓದುವ ಹುಡುಗನೊಬ್ಬ ಒಂದು ಇಂಗ್ಲಿಷ್ ಪುಸ್ತಕ ತಂದಿದ್ದ. ನಾಲ್ಕು ಸಂಜೆ ಕೂತು ಅದನ್ನು ನಮಗೆ ಕನ್ನಡದಲ್ಲಿ ಹೇಳಿದ. ಬರೆದವರು ಐಸಾಕ್ ಅಸಿಮೋವ್. ರಶಿಯದಲ್ಲಿ ಹುಟ್ಟಿ, ಎಳೆಯ ಕೂಸಾಗಿದ್ದಾಗಲೇ ತಂದೆತಾಯಿಯರೊಡನೆ ಅಮೇರಿಕೆಗೆ ಹೋಗಿ, ಬಾಸ್ಟನ್ನಿನಲ್ಲಿ ಜೀವರಸಾಯನಶಾಸ್ತ್ರದ ಪ್ರಾಧ್ಯಾಪಕರಾಗಿದ್ದವರು, 1992ರಲ್ಲಿ ತೀರಿಕೊಂಡರು. ಪುಸ್ತಕ 1955ರದು. ಹೆಸರು ‘ದಿ ಎಂಡ್ ಆಫ್ ಎಟರ್ನಿಟಿ’, ಎಂದರೆ ನಿತ್ಯತೆಯ ಕೊನೆ. ಹೆಸರು ಕೇಳಿದರೆ ವೇದಾಂತ ಗ್ರಂಥವೆನ್ನಬೇಕು! ಅಲ್ಲ, ಅದೊಂದು ಕಾದಂಬರಿ.

ಅದರಲ್ಲಿ ಒಂದು ಸಂಘವಿದೆ. 27ನೆಯ ಶತಮಾನದಲ್ಲಿ ಸ್ಥಾಪನೆಯಾದದ್ದು. ಆ ಸಂಘದವರು ಇರುವುದು ಕಾಲದ ಹೊರಗೆ. ನಾವು ಗದಗಿನಿಂದ ಹುಬ್ಬಳ್ಳಿಗೆ ಹೋದಂತೆ ಅವರು ಶತಮಾನದಿಂದ ಶತಮಾನಕ್ಕೆ ಹೋಗಿಬರುತ್ತಾರೆ. ಹೋಗುವ ವಾಹನದ ಹೆಸರು ಕೆಟಲ್ ಅಂದ ಹುಡುಗ. ಚಹಾ ಕಾಸುವ ಕೆಟಲ್ಲೇನಪ್ಪಾ ಎಂದೆವು. ಅದೇ ಶಬ್ದ ಎಂದು ನಕ್ಕ. ಜನರಿಗೆ ಇವರು ವ್ಯಾಪಾರಸ್ಥರೆಂದಷ್ಟೇ ಗೊತ್ತು: ಒಂದು ಶತಮಾನದಲ್ಲಿ ಹೆಚ್ಚಾದ ಸರಕನ್ನು ಇಲ್ಲದ ಶತಮಾನಕ್ಕೆ ಮುಟ್ಟಿಸುವವರು. ಅದೂ ನಿಜ. ಆದರೆ ಒಳಗಿನ ಕೆಲಸ ಬೇರೆ. ಎಲ್ಲಿ ಯುದ್ಧ ಬರಲಿದೆಯೋ, ಎಲ್ಲಿ ಜನ ಕೆಡಲಿದ್ದಾರೆಯೋ, ಅದಕ್ಕಿಂತ ಮೊದಲಿನ ಒಂದು ಗಳಿಗೆಗೆ ಹೋಗಿ ಒಂದು ಸಣ್ಣ ಕೆಲಸ ಮಾಡಿ ಬರುತ್ತಾರೆ. ಬರಬೇಕಾದದ್ದು ಬರುವುದೇ ಇಲ್ಲ.

ಎಷ್ಟು ಸಣ್ಣ ಕೆಲಸ? ಅದನ್ನು ಕೇಳಬೇಕು ತಾವು. ಕಥಾನಾಯಕ ಹಾರ್ಲನ್ ಒಮ್ಮೆ ಒಂದು ಯಂತ್ರವನ್ನು ಸ್ವಲ್ಪ ಕೆಡಿಸಿಟ್ಟು ಬರುತ್ತಾನೆ. ಅದರಿಂದ ಒಬ್ಬ ತರುಣನಿಗೆ ಒಂದು ಉಪನ್ಯಾಸ ತಪ್ಪುತ್ತದೆ. ಅವನು ಆ ವಿದ್ಯೆಗೆ ಹೋಗುವುದಿಲ್ಲ. ಒಂದು ಉಪಕರಣ ಹುಟ್ಟುವುದು ಹತ್ತು ವರ್ಷ ತಡವಾಗುತ್ತದೆ. ಮುಂದಿನ ಶತಮಾನದ ಒಂದು ಯುದ್ಧವೇ ಇಲ್ಲವಾಗುತ್ತದೆ. ಇನ್ನೊಮ್ಮೆ ಅವನು ಮಾಡಿದ್ದು ಇಷ್ಟೇ: ಒಂದು ಡಬ್ಬಿಯನ್ನು ಈ ಫಳಿಯಿಂದ ತೆಗೆದು ಆ ಫಳಿಗೆ ಇಟ್ಟದ್ದು.

ಯುದ್ಧ ತಪ್ಪಿತಲ್ಲ, ಒಳ್ಳೆಯದೇ ಆಯಿತಲ್ಲ ಎನ್ನುತ್ತೀರಿ. ನಾವೂ ಹಾಗೇ ಅಂದೆವು. ಆದರೆ ಡಬ್ಬಿ ಸರಿದ ಆ ಕ್ಷಣಕ್ಕೆ ಯಾರದೋ ಮದುವೆ ಆಗಿಯೇ ಇರಲಿಲ್ಲವೆಂದಾಗುತ್ತದೆ, ಯಾರದೋ ಮಗು ಹುಟ್ಟಿಯೇ ಇರಲಿಲ್ಲವೆಂದಾಗುತ್ತದೆ. ಅವರಿಗೆ ಗೊತ್ತೂ ಆಗುವುದಿಲ್ಲ, ಅಳುವುದಕ್ಕೂ ಯಾರೂ ಉಳಿಯುವುದಿಲ್ಲ. ತಮಾಷೆಯೆಂದರೆ, ಲೆಕ್ಕ ಹಾಕಿ ಅಪ್ಪಣೆ ಕೊಟ್ಟ ದೊಡ್ಡವರೆಲ್ಲ ಮರ್ಯಾದಸ್ಥರು. ಕೈಯಾರೆ ಡಬ್ಬಿ ಸರಿಸಿದ ಹಾರ್ಲನ್ನನ ಹತ್ತಿರ ಮಾತ್ರ ಯಾರೂ ಸುಳಿಯರು. ನಮ್ಮೂರುಗಳಲ್ಲೂ ಈ ರೀತಿ ಉಂಟು.

ಈ ಸಂಘಕ್ಕೆ ಹುಡುಗರನ್ನು ಹದಿನೈದರ ಸುಮಾರಿಗೆ ಮನೆಯಿಂದ ಕರೆತರುತ್ತಾರೆ. ಮತ್ತೆ ಮನೆಯಿಲ್ಲ, ಸಂಸಾರವಿಲ್ಲ. ಇಲ್ಲಿ ನಾವು ಹುಡುಗನಿಗೆ ಸ್ವಲ್ಪ ನಿಲ್ಲಪ್ಪಾ ಎಂದೆವು. ನಾವು ಮಠಕ್ಕೆ ಬಂದಾಗ ನಮಗೆ ಒಂಬತ್ತು ವರ್ಷ. ಆದರೂ ನಮ್ಮ ಹೆತ್ತವ್ವ ಪ್ರತಿ ಜಾತ್ರೆಗೆ ರೊಟ್ಟಿಬುತ್ತಿ ಕಟ್ಟಿಕೊಂಡು ಬರುತ್ತಿದ್ದಳು, ದೂರ ಕೂತು ನೋಡಿ ಹೋಗುತ್ತಿದ್ದಳು. ಆ ಹುಡುಗರಿಗೆ ಅದೂ ಇಲ್ಲ.

ಮುಂದೆ ಹಾರ್ಲನ್ ನಾಯ್ಸ್ ಎಂಬ ಹೆಣ್ಣುಮಗಳಲ್ಲಿ ಮನಸ್ಸಿಟ್ಟ. ಬರಲಿರುವ ಒಂದು ಬದಲಾವಣೆಯಲ್ಲಿ ಅವಳೇ ಇಲ್ಲವಾಗುತ್ತಾಳೆಂದು ತಿಳಿಯಿತು. ಇಷ್ಟು ದಿನ ಲೆಕ್ಕವಾಗಿದ್ದದ್ದು ಆಗ ಸಂಕಟವಾಯಿತು. ಅವಳನ್ನು ಬಹುದೂರದ ಶತಮಾನದಲ್ಲಿ ಬಚ್ಚಿಟ್ಟ. ಕೊನೆಗೆ ನೋಡಿದರೆ ಅವಳೇ ದೂರದ ಭವಿಷ್ಯದಿಂದ ಬಂದವಳು! ಅವಳು ಹೇಳಿದ ಮಾತು ಇದು: ನೀವು ಮನುಷ್ಯನ ದಾರಿಯಿಂದ ಅಪಾಯವನ್ನೆಲ್ಲ ತೆಗೆದಿರಿ. ಅವನು ನಕ್ಷತ್ರಗಳ ಕಡೆ ಹೋಗಲು ಹಡಗು ಕಟ್ಟಿದಾಗಲೆಲ್ಲ, ಇದು ದುಂದು, ಇದು ಗಂಡಾಂತರ ಎಂದು ಡಬ್ಬಿ ಸರಿಸಿದಿರಿ. ಕೊನೆಗೆ ಅವನು ಹೊರಟಾಗ ತಡವಾಗಿತ್ತು. ಎಲ್ಲ ಕಡೆ ಬೇರೆಯವರು ನೆಲೆಸಿದ್ದರು. ಹಿಂದಿರುಗಿದ ಮನುಷ್ಯ ಉತ್ಸಾಹಗೆಟ್ಟು, ಸಂತಾನ ಕ್ಷೀಣಿಸಿ, ಅಳಿದುಹೋದ. ಹಾರ್ಲನ್ ಬಹಳ ಹೊತ್ತು ಯೋಚಿಸಿ ಒಪ್ಪಿದ. ಒಪ್ಪಿದ ಕ್ಷಣವೇ ಆ ಸಂಘ ಎಂದೂ ಇರಲೇ ಇಲ್ಲ ಎಂಬಂತಾಯಿತು. ಅವರಿಬ್ಬರೂ 1932ನೆಯ ಇಸವಿಯಲ್ಲಿ ಉಳಿದರು.

ಆ ದಾರಿಯಲ್ಲೇ ಅಣುಬಾಂಬೂ ಬರುತ್ತದೆ, 1945 ಬರುತ್ತದೆ. ಅದನ್ನೂ ಲೆಕ್ಕಕ್ಕೆ ಹಿಡಿದೇ ಅಸಿಮೋವ್ ಇದು ಮೇಲು ಎನ್ನುತ್ತಾರೆ. ಈ ಮಾತು ನಮಗೆ ಪೂರ್ತಿ ಒಪ್ಪಿಗೆಯಾಗಲಿಲ್ಲ. ಹಿರೋಷಿಮಾದ ಒಬ್ಬ ತಾಯಿಯ ಮುಂದೆ ನಿಂತು ಹೇಳಬಲ್ಲ ಮಾತಲ್ಲ ಅದು. ಹುಡುಗನ ಜೊತೆ ಇದರ ಮೇಲೆ ವಾದವೂ ಆಯಿತು, ಅವನು ಸೋಲಲಿಲ್ಲ.

ಆದರೆ ಆ ಡಬ್ಬಿ ಮಾತ್ರ ನಮ್ಮ ಕಣ್ಣಿನಿಂದ ಹೋಗಲೊಲ್ಲದು. ಇಪ್ಪತ್ತು ವರ್ಷಗಳ ಹಿಂದೆ ಒಬ್ಬ ಭಕ್ತರು ಬಂದು, “ಅಪ್ಪಾವರೆ, ಮಗಳಿಗೆ ನರ್ಸಿಂಗ್ ಸೀಟು ಸಿಕ್ಕೈತ್ರಿ, ದೂರದೂರು. ಕಳಸಲೋ ಬ್ಯಾಡೋ?” ಎಂದು ಕೇಳಿದರು. ಹುಡುಗಿ ಹಿಂದೆ ನಿಂತಿದ್ದಳು. ದಾರಿ, ಹಾಸ್ಟೆಲು, ಕಾಲ ಸರಿಯಿಲ್ಲ ಎಂದೆಲ್ಲ ನಾವು ಯೋಚಿಸಿ, “ಒಂದು ವರ್ಷ ತಡೀರಿ” ಎಂದೆವು. ಎರಡು ಮಾತು, ಅಷ್ಟೇ. ಅವಳ ಕೇಡು ತಪ್ಪಿಸಿದೆವೆಂದೇ ತಿಳಿದಿದ್ದೆವು. ವರ್ಷದೊಳಗೆ ಮದುವೆಯಾಯಿತು. ಮನೆತನ ಒಳ್ಳೆಯದು, ಕೊರತೆಯೇನಿಲ್ಲ. ನಾವು ಏನು ಸರಿಸಿದೆವೆಂಬುದು ನಮಗೆ ಕಾಣಲೇ ಇಲ್ಲ.

ಹೋದ ಸೋಮವಾರ ಆಕೆ ತನ್ನ ಮಗಳನ್ನು ಕರೆದುಕೊಂಡು ಬಂದಿದ್ದಳು. ಮಗಳಿಗೂ ದೂರದೂರಿನಲ್ಲಿ ಅದೇ ಓದು. ಕೇಳಲಿಕ್ಕೆ ಬಂದಿದ್ದಾರೆಂದು ನಾವು ಬಾಯಿ ತೆರೆಯುವಷ್ಟರಲ್ಲಿ ಆ ಕೂಸು, “ಅಪ್ಪಾವರೆ, ಆಶೀರ್ವಾದ ಮಾಡ್ರಿ. ನಾಳೆ ಮುಂಜಾನೆ ಆರಕ್ಕ ಬಸ್ಸೈತ್ರಿ” ಅಂದಿತು. ನಾವು ನಕ್ಕು ಹಣ್ಣು ಕೊಟ್ಟೆವು. ತಾಯಿ ಬಾಗಿಲ ಹತ್ತಿರ ನಿಂತು ನಮ್ಮನ್ನೊಮ್ಮೆ ನೋಡಿದಳು. ನಾವು ತಲೆಯೆತ್ತಲಿಲ್ಲ.