ರಾಗಿಯ ಕಲ್ಲು



ಪಟ್ಟಣದ ಮನೆಗಳಲ್ಲಿ ದಿನವು ಗಡಿಯಾರದ ಗಂಟೆಯಿಂದ ಮೊದಲಾಗುತ್ತದೆ. ಮದ್ದೂರು ತಾಲ್ಲೂಕಿನ ಕೊಪ್ಪದ ಕಡೆ, ನಮ್ಮ ಅಜ್ಜಿಯ ಕಾಲದಲ್ಲಿ, ಅದು ಕಲ್ಲಿನ ಸದ್ದಿನಿಂದ ಮೊದಲಾಗುತ್ತಿದ್ದಿತು. ಕೋಳಿ ಕೂಗುವ ಮುನ್ನವೇ ರಾಗಿ ಬೀಸುವ ಕಲ್ಲು ತಿರುಗತೊಡಗುವುದು. ಅದರ ಸದ್ದನ್ನು ಹಿಂಬಾಲಿಸಿ ಹಾಡು ಏಳುವುದು. ಮಕ್ಕಳಾದ ನಾವು ಕಂಬಳಿಯೊಳಗೆ ಅರೆನಿದ್ರೆಯಲ್ಲಿ ಅದನ್ನು ಕೇಳುತ್ತಿದ್ದೆವು.

ನಮ್ಮ ಸೀಮೆಯಲ್ಲಿ ಮುದ್ದೆಯನ್ನು ಹಿಟ್ಟೆಂದೇ ಕರೆಯುವುದು ವಾಡಿಕೆ. 'ಹಿಟ್ಟುಂಡೆಯಾ?' ಎಂದರೆ ಊಟವಾಯಿತೇ ಎಂದರ್ಥ. 1930ರ ದಶಕದಲ್ಲಿ ಇರ್ವಿನ್ ನಾಲೆಯ, ಎಂದರೆ ಈಗಿನ ವಿಶ್ವೇಶ್ವರಯ್ಯ ನಾಲೆಯ, ನೀರು ಮಂಡ್ಯ ಸೀಮೆಗೆ ಹರಿಯಿತು. 1933ರಲ್ಲಿ ಮಂಡ್ಯದಲ್ಲಿ ಸಕ್ಕರೆ ಕಾರ್ಖಾನೆಯೂ ಆಯಿತು. ಗದ್ದೆಗೆ ಕಬ್ಬು, ಭತ್ತಗಳು ಬಂದವು. ಆದರೂ ಒಲೆಯ ಮೇಲಿನ ಎಸರು ರಾಗಿಗಾಗಿಯೇ ಕುದಿಯುತ್ತಿದ್ದಿತು. ಹಗೇವಿನಲ್ಲಿ ತುಂಬಿಟ್ಟ ರಾಗಿಯು ವರ್ಷಗಟ್ಟಲೆ ಕೆಡದು; ಬರಗಾಲದಲ್ಲಿ ಸಂಸಾರವನ್ನು ಕಾಯುತ್ತಿದ್ದುದು ಅದೇ.

ಆದರೆ ರಾಗಿಯು ತಾನಾಗಿ ಹಿಟ್ಟಾಗದಷ್ಟೆ. ಅತ್ತಿಗೆ ನಾದಿನಿಯರು ಎದುರುಬದುರಾಗಿ ಕುಳಿತು, ಕಲ್ಲಿಗೆ ಕೈಮುಗಿದು, ಒಂದೇ ಗೂಟವನ್ನು ಇಬ್ಬರೂ ಹಿಡಿದು ತಿರುಗಿಸುವರು. ಒಬ್ಬಳು ಪದವನ್ನೆತ್ತಿದರೆ ಮತ್ತೊಬ್ಬಳು ಮುಂದುವರಿಸುವಳು. ತವರಿನ ಹಂಬಲ, ಬಾರದ ಅಣ್ಣನ ಮೇಲಿನ ಮುನಿಸು, ಅತ್ತೆಯ ಕಟುಮಾತು, ಎಲ್ಲವೂ ಆ ಪದಗಳಲ್ಲಿ ಬರುತ್ತಿದ್ದವು. ಎದುರಿಗೆ ಆಡಲಾಗದುದನ್ನು ಕಲ್ಲಿನ ಮುಂದೆ ಹಾಡಬಹುದಾಗಿದ್ದಿತು. ಅತ್ತೆಯು ಕೇಳಿಸಿಕೊಂಡರೂ ಅದು ಹಾಡು, ಜಗಳವಲ್ಲ! ಉತ್ತರದ ಹಲಸಂಗಿಯ ಗೆಳೆಯರು ಇಂತಹ ಹೆಂಗಸರ ಪದಗಳನ್ನು ಕೂಡಿಸಿ 1931ರಲ್ಲಿ 'ಗರತಿಯ ಹಾಡು' ಎಂದು ಪ್ರಕಟಿಸಿದಾಗ, ವಿದ್ಯಾವಂತರು ಬೆರಗಾದರು. ಬೀಸಿದವರಿಗೆ ಅದರಲ್ಲಿ ಬೆರಗೇನೂ ಇರಲಿಲ್ಲ.

ಒಂದು ಸಂಜೆಯ ನೆನಪು. ದೀಪ ಹಚ್ಚುವ ಹೊತ್ತಿಗೆ ನೆಂಟರು ಬಂದರು. ಗಂಡಸರು, ಮಕ್ಕಳು, ನೆಂಟರು ಉಂಡೆದ್ದ ಮೇಲೆ ಹೆಂಗಸರ ಸರದಿ. ಅವರಲ್ಲಿಯೂ ಅಜ್ಜಿಯೇ ಕಡೆ. ನೀರು ಕುಡಿಯಲು ಅಡಿಗೆಮನೆಗೆ ಹೋದ ನಾನು, ಆಕೆ ಮಡಕೆಯ ತಳಕ್ಕೆ ಹತ್ತಿದ್ದ ಸೀಕನ್ನು ಕೆರೆದು ತಿನ್ನುತ್ತಿದ್ದುದನ್ನು ಕಂಡೆನು.

"ಹಿಟ್ಟಿಲ್ಲವೇನವ್ವ?" ಎಂದೆ.

"ನನಗೆ ಹಸಿವಿಲ್ಲ ಕಣೋ ಮಗ. ಹೋಗಿ ಮಲಗು" ಎಂದಳು.

ಮರುದಿನ ನಸುಕಿನಲ್ಲಿ ಕಲ್ಲು ಎಂದಿನಂತೆ ತಿರುಗಿತು. ಹಸಿವಿಲ್ಲವೆಂದವಳೇ ಹಾಡುತ್ತಿದ್ದಳು. ಆ ಹಾಡಿನ ಅರ್ಥವು ನನಗೆ ಅಂದಿನಿಂದ ಬೇರೆಯಾಯಿತು.

ಮುಂದೆ ಹಿಟ್ಟಿನ ಗಿರಣಿ ಬಂದಿತು. ಕಲ್ಲು ಹಿತ್ತಲನ್ನು ಸೇರಿತು. 'ಅಯ್ಯೋ, ಹಳೆಯ ಸಂಪ್ರದಾಯ ಹೋಯಿತೆ!' ಎಂದು ಮರುಗುವವರುಂಟು. ಅವರು ಒಂದು ಸೇರು ರಾಗಿಯನ್ನಾದರೂ ಬೀಸಿ ನೋಡಿ ಮರುಗಲಿ. ಅಜ್ಜಿಯಂತೂ ಮರುಗಲಿಲ್ಲ, "ತೋಳಿಗೆ ಪುಣ್ಯ ಬಂತು" ಎಂದಳು. ಆದರೆ ಕಲ್ಲಿನೊಡನೆ, ಮನಸ್ಸನ್ನು ತೋಡಿಕೊಳ್ಳುವ ಒಂದು ಸ್ಥಳವೂ ಮನೆಯಿಂದ ಹೋಯಿತು. ಕಡೆಯಲ್ಲಿ ಉಣ್ಣುವ ಪದ್ಧತಿಯು ಮಾತ್ರ ಅನೇಕ ಮನೆಗಳಲ್ಲಿ ಹಾಗೆಯೇ ಉಳಿಯಿತು.

ಸಂಪ್ರದಾಯಗಳೆಲ್ಲವೂ ಒಂದೇ ತೂಕದವಲ್ಲ. ಹೊಸಿಲು ತೊಳೆದು ರಂಗೋಲೆ ಇಡುವುದು ಉಳಿಯಲಿ. ಬಂದವರಿಗೆ ಹಿಟ್ಟಿಕ್ಕುವುದು ಖಂಡಿತವಾಗಿ ಉಳಿಯಲಿ. ಆದರೆ ಇಕ್ಕಿದ ಕೈ ಉಂಡಿತೇ ಎಂದು ಕೇಳುವುದನ್ನು ನಾವು ಹೊಸದಾಗಿಯಾದರೂ ರೂಢಿಸಿಕೊಳ್ಳಬೇಕು. ಈ ಭಾಷಣವು ಮುಗಿಯುವುದು ನಿಮ್ಮ ಮನೆಗಳಲ್ಲಿ ಊಟದ ಹೊತ್ತು. ಎಲೆಯ ಮುಂದೆ ಕೂಡುವ ಮುನ್ನ ಅಡಿಗೆಮನೆಯ ಪಾತ್ರೆಯನ್ನೊಮ್ಮೆ ಇಣಿಕಿ ನೋಡಿರೆಂದು ಬೇಡುತ್ತೇನೆ.